ಇಪ್ಪತ್ತಮೂರು ತಿಂಗಳ ಬಸುರಿ

ಶಿಷ್ಯ ಕೇಳಿದ: "ಗುರುಗಳೇ, ನಾನು ಮಠದಲ್ಲಿ ಸೆರೆಮನೆಯ ರಾಣಿಯ ಕತೆ ಹೇಳುತ್ತಿದ್ದೇನೆ. ಹದಿನೈದು ದಿನದ ಕತೆ, ಮೂರು ತಿಂಗಳಾಯಿತು. ರಾಣಿಯ ಗೋಳು ಹೇಳಿದಷ್ಟೂ ಜನ ಕೂಡುತ್ತಾರೆ. ಇನ್ನೂ ಬೇಕು ಅನ್ನುವವರಿರುವಾಗ ಮುಗಿಸುವುದು ಸರಿಯೇ?"

ಗುರುಗಳು ಹೇಳಿದರು:

ಒಬ್ಬ ಟೀವಿ ಧಾರಾವಾಹಿ ಬರೆಯುವವನಿದ್ದ. ಹತ್ತು ವರ್ಷ ಬೇರೆಯವರಿಗೆ ಮಾತು ಬರೆದುಕೊಟ್ಟ. ಆಮೇಲೆ ತಾನೇ ಬರೆದು ತಾನೇ ನಿರ್ಮಾಪಕನಾದ. ಮೊದಲ ಎರಡು ಧಾರಾವಾಹಿ ನೋಡುವವರಿಲ್ಲದೆ ಅರ್ಧಕ್ಕೇ ನಿಂತವು. ಮೂರನೆಯದು ಜನರ ಮನಸ್ಸಿಗೆ ಹಿಡಿಸಿತು.

ಅದರಲ್ಲಿ ಶರ್ವಾಣಿ ಎಂಬ ಸೊಸೆ ಬಸುರಿ. ಅತ್ತೆ ಅವಳನ್ನು ಮನೆಯಿಂದ ಹೊರಗೆ ಹಾಕಿದ್ದಾಳೆ. ಮಗುವಿನ ಮುಖ ಕಂಡರೆ ಅತ್ತೆ ಕರಗುತ್ತಾಳೆ, ಅಲ್ಲಿಗೆ ಕತೆಯೂ ಮುಗಿಯುತ್ತದೆ. ಊರೂರಿನ ಹೆಂಗಸರು ಸಂಜೆ ಅಡುಗೆ ಬೇಗ ಇಳಿಸಿ ಆ ಹೆರಿಗೆಗಾಗಿ ಕಾದು ಕೂತರು.

ಅವನಿಗೆ ಭಯ ಹತ್ತಿತು. ಇವಳು ಹೆತ್ತರೆ ನನ್ನ ಕತೆ ಏನು? ಮತ್ತೆ ಯಾರೂ ನೋಡದವನಾಗಿಬಿಟ್ಟರೆ? ಹೆರಿಗೆಯನ್ನು ಮುಂದಕ್ಕೆ ಹಾಕಿದ. ಒಂದು ವಾರ ಶರ್ವಾಣಿ ಜಾರಿಬಿದ್ದಳು. ಒಂದು ತಿಂಗಳು ಕಾಣೆಯಾದಳು. ಒಮ್ಮೆಯಂತೂ ಆಸ್ಪತ್ರೆಯ ಬಾಗಿಲ ತನಕ ಹೋಗಿ, ಸುಳ್ಳು ನೋವೆಂದು ವಾಪಸು ಬಂದಳು. ದಿನಾ ಹೊಟ್ಟೆಗೆ ದಿಂಬು ಕಟ್ಟಿಕೊಂಡು ಆ ಪಾತ್ರದ ನಟಿಯ ಸೊಂಟ ನಿಜವಾಗಿಯೇ ಹಿಡಿದುಕೊಂಡಿತು.

ಒಂದು ದಿನ ಶೂಟಿಂಗ್ ಮನೆಗೆ ಮುದುಕಿಯೊಬ್ಬಳು ಕೈಯಲ್ಲಿ ಸಣ್ಣ ಗಂಟು ಹಿಡಿದು ಬಂದಳು.

"ನಾನು ಸೂಲಗಿತ್ತಿ ಕಣಪ್ಪ. ಇದೆಲ್ಲ ಆಟ ಅಂತ ನನಗೂ ಗೊತ್ತು. ಆದರೂ ಮನಸ್ಸು ತಡೀದೆ ಹೋದ ವರ್ಷದ ಯುಗಾದಿಗೆ ಕೂಸಿನ ತಲೆಗೆ ಅಂತ ಕುಲಾವಿ ಹೊಲಿದಿಟ್ಟೆ. ಇನ್ನೊಂದು ಯುಗಾದಿಯೂ ಬಂದು ಹೋಯ್ತು. ಆನೆ ಕೂಡ ಇಪ್ಪತ್ತೆರಡು ತಿಂಗಳಿಗೆ ಹೆರುತ್ತಂತೆ. ನಿನ್ನ ಶರ್ವಾಣಿಗೆ ಈಗ ಇಪ್ಪತ್ತಮೂರು!"

ಸುತ್ತಲಿದ್ದವರೆಲ್ಲ ನಕ್ಕರು. ಸೊಂಟ ಹಿಡಿದುಕೊಂಡೇ ನಟಿಯೂ ನಕ್ಕಳು. ಅವನು ಮಾತ್ರ ನಗಲಿಲ್ಲ.

"ಹೆತ್ತ ಮೇಲೆ ನೋಡೋಕೆ ಏನಿರುತ್ತೆ ಅಜ್ಜಿ? ಜನ ಎದ್ದು ಹೋಗ್ತಾರೆ."

"ಹೋಗಲಿ ಬಿಡು. ಹೆರಿಗೆ ಆದ ಮೇಲೆ ನಾನೂ ಕೈ ತೊಳೆದು ಎದ್ದು ಬರ್ತೀನಿ. ಇನ್ನೊಂದು ಮನೆಯಿಂದ ಕರೆ ಬರುತ್ತೆ. ಕರೆಯೋದಿಲ್ಲ ಅಂತ ಹೆದರಿ ಒಂದು ಮಗೂನ ಒಳಗೇ ತಡೆದು ಹಿಡಿದರೆ, ನನ್ನನ್ನು ಸೂಲಗಿತ್ತಿ ಅಂತಾರಾ?"

ಕುಲಾವಿಯನ್ನು ಅವನ ಕೈಗಿಟ್ಟು ಮುದುಕಿ ನಡೆದಳು.

ಅವನು ಅದನ್ನು ತಿರುಗಿಸಿ ನೋಡಿದ. ಅಂಗೈಯಷ್ಟು ಬಟ್ಟೆ. ಆಮೇಲೆ ಪೆನ್ನು ಎತ್ತಿಕೊಂಡ.

ಆ ವಾರವೇ ಮಗು ಅತ್ತಿತು. ಮುದುಕಿಯ ಕುಲಾವಿಯನ್ನೇ ತೊಡಿಸಿದ್ದರು. ಅವಳು ತನ್ನ ಮನೆಯಲ್ಲಿ ಕೂತು ನೋಡಿ, "ದಾರ ಸಡಿಲ ಕಟ್ಟಿದ್ದಾರೆ, ಕಿವಿಗೆ ಗಾಳಿ ಹೋಗುತ್ತೆ" ಎಂದು ಗೊಣಗಿದಳಂತೆ. ಧಾರಾವಾಹಿ ಮುಗಿಯಿತು. ಅವನು ಹೆದರಿದಂತೆ ಜನ ಎದ್ದೇ ಹೋದರು. ಹೋಗುವಾಗ ಕಣ್ಣು ಒರೆಸಿಕೊಂಡು, ನಗುತ್ತ ಹೋದರು. ಅವನು ಮತ್ತೊಂದು ಕತೆಯ ಮೊದಲ ಸಾಲು ಬರೆಯಲು ಕೂತ.

ಗುರುಗಳು ಇಷ್ಟಕ್ಕೆ ಕತೆ ಮುಗಿಸಿದರು. ಶಿಷ್ಯ ಕೇಳಿದ: "ಆದರೆ ಗುರುಗಳೇ, ನನ್ನ ರಾಣಿಯನ್ನು ಸೆರೆಗೆ ಹಾಕಿದವನು ಶತ್ರು ರಾಜ, ನಾನಲ್ಲವಲ್ಲ?"

"ಹಾಕಿದವನು ಅವನೇ ಕಣಪ್ಪ, ಈಗ ಬೀಗದ ಕೈ ಯಾರ ಸೊಂಟದಲ್ಲಿದೆ?"