ಮುಖವಿಲ್ಲದವರ ದನಗಳು

ಬನ್ನಿ, ಹತ್ತಿರ ಬನ್ನಿ. ಗೋಡೆಗೆ ಒರಗಿ, ಕಾಲು ನೀಡಿ ಕುಂತುಕೊಳ್ಳಿ. ಕೈಯಲ್ಲಿ ಕೆಲಸವಿದ್ದರೆ ಮಾಡುತ್ತಲೇ ಕೇಳಿ, ಅಡ್ಡಿಯಿಲ್ಲ. ಇದು ಓಡುವ ಕಥೆಯಲ್ಲ. ದಣಿದ ಎತ್ತಿನ ಹಾಗೆ ನಿಂತು ನಿಂತು ನಡೆಯುವ ಕಥೆ.

ಒಂದು ಹೊಳೆ. ಈ ದಡದಲ್ಲಿ ನಮ್ಮವರು, ಆ ದಡದಲ್ಲಿ ಅವರು. ನಮ್ಮವರು ಅವರನ್ನು ಆಚೆಯವರು ಅನ್ನುತ್ತಿದ್ದರು. ಅವರೂ ನಮ್ಮವರನ್ನು ಹಾಗೇ ಅನ್ನುತ್ತಿದ್ದರಂತೆ.

ಈ ದಡದಲ್ಲಿ ಒಂದು ಗುಡಿಸಲು. ಆಶ್ರಮ ಅಂತಲೇ ಅನ್ನಿ. ಅಲ್ಲಿ ಅಡವಯ್ಯ ಅನ್ನುವ ಗುರುಗಳಿದ್ದರು. ಮೂವರು ಅರಸರ ಕಾಲಕ್ಕೆ ದುಬಾಸಿಯಾಗಿದ್ದವರು. ದುಬಾಸಿ ಅಂದರೆ ಅವರ ಮಾತನ್ನು ಇವರಿಗೆ, ಇವರ ಮಾತನ್ನು ಅವರಿಗೆ ತಿಳಿಸಿ ಹೇಳುವವನು. ಈಗ ಅವರಿಗೆ ಮಾತು ಅಂದರೇ ಬೇಸರ.

ಶಿಷ್ಯ ಒಬ್ಬನೇ, ನಾಗಿದೇವ. ಏಳು ವರ್ಷ ಕೂತು ಆಚೆಯವರ ಮಾತನ್ನು ಅರೆದು ಕುಡಿದಿದ್ದ.

ಪ್ರತಿ ಬೇಸಿಗೆ, ಆ ದಡದಲ್ಲಿ ಹುಲ್ಲು ಒಣಗಿದಾಗ, ಆಚೆಯವರು ದನ ಹೊಡೆದುಕೊಂಡು ಹೊಳೆ ಹಾದು ಈ ದಡದ ಹುಲ್ಲುಗಾವಲಿಗೆ ಬರುತ್ತಿದ್ದರು. ಮಳೆ ಬಿದ್ದ ಮೇಲೆ ವಾಪಸು. ಮುತ್ತಜ್ಜನ ಕಾಲದಿಂದ ನಡೆದು ಬಂದದ್ದು.

ಆ ವರ್ಷ ಹೊಸ ಅರಸ ಪಟ್ಟಕ್ಕೆ ಬಂದಿದ್ದ. ಅವನ ಸವಾರ ಆಶ್ರಮದ ಮುಂದೆ ಕುದುರೆ ನಿಲ್ಲಿಸಿದ.

"ಆಚೆಯವರು ಎಂಥ ಜನ ಅಂತ ಅರಸರಿಗೆ ತಿಳಿಯಬೇಕಂತೆ. ಯಾರಾದರೂ ಹೋಗಿ, ನೋಡಿ, ಬರೆದು ತನ್ನಿ. ಅದನ್ನು ಕೇಳಿ, ಈ ಸಲ ಅವರನ್ನು ಹೊಳೆ ಹಾಯಲು ಬಿಡಬೇಕೋ ಬೇಡವೋ ಹೇಳುತ್ತಾರೆ."

ಅಡವಯ್ಯ ಕೈ ಆಡಿಸಿದರು. "ನನ್ನ ಕೈಲಾಗದಪ್ಪ. ಇವನು ಹೋಗುತ್ತಾನೆ."

ನಾಗಿದೇವನ ಎದೆ ಹಿಗ್ಗಿತು.

"ಎಷ್ಟು ದಿನ ಇರ್ತೀಯೋ ತಮ್ಮಾ?"

"ಮೂರು ದಿನ ಸಾಕು ಗುರುಗಳೇ. ಮಾತು ಬರುತ್ತಲ್ಲ."

"ನಮ್ಮ ಹಿತ್ತಲಿನ ಎಮ್ಮೆ ಹನ್ನೆರಡು ವರ್ಷದಿಂದ ನನ್ನ ಜೊತೆಗಿದೆ. ಯಾವಾಗ ಒದೆಯುತ್ತೆ ಅನ್ನೋದು ಇವತ್ತಿಗೂ ನನಗೆ ಗೊತ್ತಿಲ್ಲ."

ನಾಗಿದೇವ ನಕ್ಕ. ಗುರುಗಳು ನಗಲಿಲ್ಲ.

ಆ ದಡದ ಮೊದಲ ಮನೆ ಮಾಳಿ ಅನ್ನುವ ಹೆಂಗಸಿನದು. ಗಂಡ ಹೋಗಿ ಬಹಳ ಕಾಲವಾಗಿತ್ತು. ಮನೆಯಲ್ಲಿ ಇಬ್ಬರು ಸೊಸೆಯರು, ಕೊಟ್ಟಿಗೆಯಲ್ಲಿ ಮೂವತ್ತು ದನ.

"ಬಾರಪ್ಪಾ, ಕೈಕಾಲು ತೊಳೆದುಕೋ" ಅಂದಳು. ಬಿಸಿ ರೊಟ್ಟಿ ಹಾಕಿದಳು. ಮೇಲೆ ಬೆಣ್ಣೆ ಇಟ್ಟಳು.

ನಾಗಿದೇವ ಮೊದಲ ತುತ್ತು ಮುರಿದ. ಮಾಳಿ ಗೋಡೆಯ ಕಡೆಗೆ ತಿರುಗಿ ಕೂತಳು. ಸೊಸೆಯರೂ ತಿರುಗಿದರು. ಅವನ ಎದುರಿಗೆ ಮೂರು ಬೆನ್ನು, ಅಷ್ಟೆ.

ರೊಟ್ಟಿಯನ್ನು ಬೇಗಬೇಗ ಮುಗಿಸಿ ಎದ್ದ.

ಎರಡನೆಯ ದಿನ ಇನ್ನೊಂದು ಮನೆ. ಅಲ್ಲೂ ಹಾಗೇ. ಮೂರನೆಯ ದಿನವೂ ಹಾಗೇ.

ಯಾಕೆ ಅಂತ ಕೇಳಬಹುದಿತ್ತು. ಮಾತು ಬರುತ್ತಿತ್ತಲ್ಲ! ಆದರೆ ಏಳು ವರ್ಷ ಕಲಿತವನು ಹೋಗಿ ಕೇಳುವುದೇ? ನಾಚಿಕೆ. ಅದರ ಮೇಲೆ ಸಿಟ್ಟು ಬೇರೆ. ನಾಯಿಗೆ ಹಾಕಿದ ಹಾಗೆ ಹಾಕಿ ಆ ಕಡೆ ತಿರುಗುತ್ತಾರಲ್ಲ ಅಂತ ಒಳಗೊಳಗೇ ಕುದ್ದ.

ಓಲೆಯ ಮೇಲೆ ಬರೆದ: "ಇವರು ಮನೆಗೆ ಬಂದವರಿಗೆ ಬೆನ್ನು ತೋರಿಸುವ ಜನ. ಅತಿಥಿಗೆ ಮುಖ ಕೊಡುವ ಗುಣ ಇವರಲ್ಲಿಲ್ಲ."

ಎರಡೇ ಸಾಲು. ಅಷ್ಟು ಸಾಕಾಯಿತು.

ಸವಾರ ದಡದಲ್ಲೇ ಕಾದಿದ್ದ. ಆಶ್ರಮಕ್ಕೆ ಹೋಗಿ ಗುರುಗಳಿಗೆ ತೋರಿಸಲೂ ಬಿಡದೆ ನೇರ ಅರಮನೆಗೆ ಕರೆದೊಯ್ದ.

ಸಭೆಯಲ್ಲಿ ಓಲೆ ಓದಿದರು. ಎಲ್ಲರೂ ಹೌದು ಹೌದು ಅಂದರು. ಹೊಳೆಗೆ ಕಾಲೂ ಇಡದವರು ಎಲ್ಲರಿಗಿಂತ ಜೋರಾಗಿ ಅಂದರು. ಒಬ್ಬ ಪಂಡಿತ ಎದ್ದು, "ಮುಖ ಕೊಡದವರು ಅಂದರೆ ಮುಖ ಇಲ್ಲದವರು ಅಂತಲೇ ತಿಳಿಯಬೇಕು" ಅಂದ. ಅರಸನಿಗೆ ಆ ಮಾತು ರುಚಿಸಿತು. ಚಿತ್ರಗಾರ ಸಭೆಯ ಗೋಡೆಯ ಮೇಲೆ ಸಾಲಾಗಿ ಬೆನ್ನುಗಳನ್ನು ಬರೆದ. ಕೊನೆಗೆ ಒಂದು ಮುಖವನ್ನೂ ಬರೆದ. ಅದರಲ್ಲಿ ಕಣ್ಣಿಲ್ಲ, ಬಾಯಿಲ್ಲ, ಒರೆಸಿದ ಹಲಗೆಯ ಹಾಗಿತ್ತು.

ಹೊಳೆ ಹಾಯುವ ಜಾಗಕ್ಕೆ ಕಾವಲು ಬಿತ್ತು. ನಾಗಿದೇವನಿಗೆ ಶಾಲು ಹೊದಿಸಿದರು.

ಶಾಲು ಹೊದ್ದು ಆಶ್ರಮಕ್ಕೆ ಬಂದ. ನಡೆದದ್ದನ್ನೆಲ್ಲ ಹೇಳಿದ. ಅಡವಯ್ಯ ಎದ್ದರು. ಬಟ್ಟಲಿಗೆ ಗಂಜಿ ಬಡಿಸಿ ಅವನ ಮುಂದಿಟ್ಟರು. ಅವನು ಬಟ್ಟಲು ಎತ್ತಿದ ಕೂಡಲೇ ಗೋಡೆಯ ಕಡೆಗೆ ತಿರುಗಿ ಕೂತರು.

ನಾಗಿದೇವನ ಕೈ ನಿಂತಿತು. "ಗುರುಗಳೇ, ನನ್ನಿಂದ ಏನು ತಪ್ಪಾಯಿತು?"

"ಉಣ್ಣು ತಮ್ಮಾ. ನನ್ನ ಕಣ್ಣನ್ನು ನಾನೇ ನಂಬೋದಿಲ್ಲ. ನಿನ್ನ ತುತ್ತಿಗೆ ತಾಗೀತು."

ನಾಗಿದೇವನಿಗೆ ತನ್ನ ತಾಯಿ ಕಣ್ಣ ಮುಂದೆ ಬಂದಳು. ಅವನಿಗೆ ಅನ್ನ ಕಲಸಿ ಉಣಿಸುವಾಗ ಯಾರಾದರೂ ಹೊಸ್ತಿಲು ದಾಟಿ ಬಂದರೆ ಸರಕ್ಕನೆ ಸೆರಗು ಅಡ್ಡ ಹಿಡಿಯುತ್ತಿದ್ದಳು. ಉಣ್ಣುವವರ ಬಾಯಿ ನೋಡಬಾರದು, ದೃಷ್ಟಿಯಾಗುತ್ತದೆ ಅನ್ನುತ್ತಿದ್ದಳು.

ಅವನ ತಾಯಿ ಬೇರೆಯವರ ಕಣ್ಣಿಗೆ ಸೆರಗು ಹಿಡಿಯುತ್ತಿದ್ದಳು. ಮಾಳಿ ತನ್ನ ಕಣ್ಣನ್ನೇ ಆ ಕಡೆ ತಿರುಗಿಸಿದ್ದಳು.

ಬಟ್ಟಲು ಕೆಳಗಿಟ್ಟ. "ಏಳು ವರ್ಷದಲ್ಲಿ ನೀವು ಇದನ್ನು ಒಂದು ಸಲವೂ ಹೇಳಲಿಲ್ಲವಲ್ಲ ಗುರುಗಳೇ!"

"ನಾನು ಮಾತು ಕಲಿಸಿದೆ. ಮಿಕ್ಕಿದ್ದನ್ನು ಅವರು ಕಲಿಸೋರು. ನೀನು ಕೇಳಿದ್ದರೆ."

ನಾಗಿದೇವ ಅರಮನೆಗೆ ಓಡಿದ. ಮೊದಲ ದಿನ ಬಾಗಿಲು ಕಾಯುವವರೇ ಒಳಗೆ ಬಿಡಲಿಲ್ಲ. ಎರಡನೆಯ ದಿನ ಮಂತ್ರಿ ಸಿಕ್ಕ. "ಅಯ್ಯೋ, ಗೋಡೆಯ ಬಣ್ಣ ಒಣಗಿಹೋಯಿತಲ್ಲಪ್ಪ" ಅಂದ. ಮೂರನೆಯ ದಿನ ಅರಸನ ಮುಂದೆ ನಿಂತ. ಮೊದಲಿಂದ ಕೊನೆಯವರೆಗೆ ಹೇಳಿ ಅಡ್ಡಬಿದ್ದ.

ಅರಸ ಕೇಳಿದ: "ಮೊದಲು ಬಂದಾಗ ಹೇಳಿದ್ದು ಸುಳ್ಳೋ, ಈಗ ಹೇಳುತ್ತಿರುವುದು ಸುಳ್ಳೋ?"

"ಮೊದಲಿನದು ಸುಳ್ಳು ಮಹಾಸ್ವಾಮಿ."

"ಸುಳ್ಳು ಹೇಳಿದವನ ಮಾತನ್ನು ನಾನು ಈಗ ಯಾಕೆ ನಂಬಲಿ?"

ಸಭೆ ನಕ್ಕಿತು. ಪಂಡಿತ ಮೆಲ್ಲಗೆ ಅಂದ: "ಅವರ ಅನ್ನ ಉಂಡಿದ್ದಾನಲ್ಲ. ಏನೋ ಹಾಕಿಕೊಟ್ಟಿದ್ದಾರೆ."

ಬರುವ ದಾರಿಯಲ್ಲಿ ಮಕ್ಕಳು ಹೊಸ ಆಟ ಆಡುತ್ತಿದ್ದವು. ಒಂದು ಮಗು ಬೆನ್ನು ಮಾಡಿ ನಿಲ್ಲುವುದು, ಮಿಕ್ಕವು ಮಣ್ಣುಂಡೆ ಎಸೆಯುವುದು. ನಿಲ್ಲುವ ಸರದಿ ಬಂದ ಮಗು ಅಳುತ್ತಿತ್ತು.

ಆಶ್ರಮಕ್ಕೆ ಬಂದು ನಾಗಿದೇವ ಕುಸಿದು ಕೂತ. "ಗುರುಗಳೇ, ಒಂದು ನಾಡಿನ ಜನಕ್ಕೇ ಮಸಿ ಬಳಿದೆ. ನನ್ನಂಥ ಪಾಪಿ ಇಲ್ಲ."

"ಅಷ್ಟು ದೊಡ್ಡವನಾಗಬೇಡ. ನಿನಗಿಂತ ಮೊದಲು ಮೂರು ಸಲ ನಾನು ಬಳಿದಿದ್ದೇನೆ."

ನಾಗಿದೇವ ತಲೆ ಎತ್ತಿದ.

"ಮೊದಲನೆಯ ಅರಸರಿಗೆ ಅವರ ಮೇಲೆ ದಂಡು ಒಯ್ಯಬೇಕಿತ್ತು. ರಾಕ್ಷಸರು ಅಂತ ಬರೆದುಕೊಟ್ಟೆ. ಎರಡನೆಯವರಿಗೆ ಅವರ ಹೆಣ್ಣು ತರಬೇಕಿತ್ತು. ಗಂಧರ್ವರು ಅಂತ ಬರೆದುಕೊಟ್ಟೆ. ಮೂರನೆಯವರಿಗೆ ಅವರನ್ನು ತಿದ್ದಿ ಬುದ್ಧಿ ಕಲಿಸಬೇಕಿತ್ತು. ಏನೂ ಅರಿಯದ ಕೂಸುಗಳು ಅಂತ ಬರೆದುಕೊಟ್ಟೆ. ಮೂರು ಸಲವೂ ಶಾಲು ಬಂತು. ಆಮೇಲೆ ಚಳಿ ಹೋಗಲೇ ಇಲ್ಲ."

"ನಿಜಕ್ಕೂ ಅವರು ಯಾರು ಗುರುಗಳೇ?"

"ದನ ಕಾಯೋರು."

ನಾಗಿದೇವ ಶಾಲನ್ನು ಮಡಿಸಿ ಮೂಲೆಗಿಟ್ಟ. ಆಮೇಲೆ ನಾಗಿದೇವ ಎದ್ದ. "ಆ ದಡಕ್ಕೆ ಹೋಗ್ತೀನಿ. ಮಾಳಿಗೆ ಹೇಳ್ತೀನಿ. ಇನ್ನೇನೂ ತೋಚುತ್ತಿಲ್ಲ."

"ನಡಿ. ನಾನೂ ಬರ್ತೀನಿ. ಹರಿಗೋಲಿಗೆ ಹುಟ್ಟು ನೀನೇ ಹಾಕು, ನನ್ನ ತೋಳಲ್ಲಿ ಬಲವಿಲ್ಲ."

ಕಾವಲಿಗೆ ಕಾಣದ ಹಾಗೆ ದಡಗುಂಟ ಮೇಲಕ್ಕೆ ಹೋಗಿ ಹೊಳೆ ದಾಟಿದರು. ಮಾಳಿ ಅಂಗಳದಲ್ಲಿ ಒಣಗಿದ ಎಲೆ ಗುಡಿಸಿ ದನಕ್ಕೆ ಹಾಕುತ್ತಿದ್ದಳು. ಮೂವತ್ತರಲ್ಲಿ ಆರು ಆಗಲೇ ಸತ್ತಿದ್ದವು. ಮಿಕ್ಕವುಗಳ ಪಕ್ಕೆಲುಬು ಎಣಿಸಬಹುದಿತ್ತು.

ನಾಗಿದೇವ ತಾನು ಬರೆದದ್ದನ್ನು ಬಾಯಿಬಿಟ್ಟು ಹೇಳಿದ. ಮಾಳಿ ಪೊರಕೆ ಹಿಡಿದೇ ಕೇಳಿದಳು.

"ಅಲ್ಲಪ್ಪಾ, ಕೇಳಿದ್ದರೆ ಹೇಳ್ತಿದ್ದೆನಲ್ಲ" ಅಂದಳು. ಬೈಯಲಿಲ್ಲ. ಬೈಯುವಷ್ಟು ಶಕ್ತಿ ಇರಲಿಲ್ಲ. "ಮೇವು ನಾಳೆಗೆ ಮುಗೀತದೆ. ಕಾವಲಿರಲಿ, ಏನೇ ಇರಲಿ, ನಾನು ದನ ಹೊಡೀತೀನಿ. ನೀನು ಜೊತೆಗೆ ಬಂದು ನಿನ್ನ ಜನಕ್ಕೆ ಏನು ಹೇಳಬೇಕೋ ಹೇಳು."

ಮರುದಿನ ಬೆಳಗ್ಗೆ ಇಪ್ಪತ್ತನಾಲ್ಕು ದನ ಹೊಳೆಗಿಳಿದವು. ಮುಂದೆ ಮಾಳಿ, ಪಕ್ಕದಲ್ಲಿ ನಾಗಿದೇವ. ಗುರುಗಳು ಹಿಂದಿನಿಂದ ಕೋಲೂರಿಕೊಂಡು ಬಂದರು.

ಈ ದಡದಲ್ಲಿ ಇಬ್ಬರು ಕಾವಲುಗಾರರು ಈಟಿ ಅಡ್ಡ ಹಿಡಿದರು; ಅರಮನೆಯ ಕಡೆಯಿಂದ ಬಂದವರು, ಆಚೆಯವರನ್ನು ಎಂದೂ ಕಂಡವರಲ್ಲ. ಅವರಲ್ಲಿ ದೊಡ್ಡವನ ಹೆಸರು ಭರಮ. ಮಾಳಿಯ ಮುಖವನ್ನು ಮೇಲಿಂದ ಕೆಳಗೆ ನೋಡಿದ. ಜೊತೆಗಾರನನ್ನು ತಿವಿದ.

"ಏನೋ ಇದು, ಈಯಮ್ಮ ನಮ್ಮ ಅತ್ತೆ ಥರಾನೇ ಇದ್ದಾಳಲ್ಲೋ!"

"ಮೂಗು ನೋಡಣ್ಣ, ಅದೇ ಮೂಗು. ಗೊಣಗೋ ಬಾಯಿನೂ ಅದೇ."

ಭರಮ ಈಟಿ ತಗ್ಗಿಸಿದ. "ದುಬಾಸಿಗಳೇ, ಮುಖ ಇಲ್ಲದವರನ್ನ ತಡೀರಿ ಅಂತ ನಮಗೆ ಅಪ್ಪಣೆ. ಈಯಮ್ಮನಿಗೆ ಮುಖ ಇದೆ. ಇವರು ಅವರಲ್ಲ ತಾನೇ?"

ನಾಗಿದೇವ ಮನಸ್ಸಿನಲ್ಲೇ ತೂಗಿದ.

ಇವರೇ ಅವರು, ನಿಮ್ಮ ಅಪ್ಪಣೆಯೇ ಸುಳ್ಳು ಅಂದರೆ ಈಟಿ ಮತ್ತೆ ಏಳುತ್ತದೆ. ಅವರಲ್ಲ ಅಂದರೆ ದನ ಹುಲ್ಲು ಕಾಣುತ್ತವೆ.

ಗುರುಗಳ ಕಡೆ ನೋಡಿದ. ಗುರುಗಳು ನೀರು ನೋಡುತ್ತಿದ್ದರು.

"ಏನಂತಾನೆ ಅವನು?" ಮಾಳಿ ಕೇಳಿದಳು.

ನಾಗಿದೇವ ಅವಳ ಮಾತಿನಲ್ಲಿ ತಿಳಿಸಿದ.

"ಹಂಗಾದರೆ ನಾನು ಯಾರಂತೆ?"

ಅವನು ಉತ್ತರಿಸುವ ಮೊದಲೇ ಹಿಂದೆ ಒಂದು ಕರು ಮಂಡಿಯೂರಿ ನೀರಲ್ಲಿ ಬಿತ್ತು. ಮಾಳಿ ಓಡಿ ಅದರ ಮೂತಿ ಎತ್ತಿ ಹಿಡಿದಳು. ಅಲ್ಲಿಂದಲೇ ಕೂಗಿದಳು: "ಏನಾದರೂ ಹೇಳು! ಬೇಗ ಹೇಳು!"

"ಅಲ್ಲ" ಅಂದ ನಾಗಿದೇವ. "ಇವರು ಬೇರೆ. ಹೊಳೆಯ ಮೇಲಿನ ಸೀಮೆಯವರು."

"ನಾನು ಅಂದುಕೊಂಡೆ!" ಭರಮ ಖುಷಿಯಿಂದ ತಾನೇ ನೀರಿಗಿಳಿದು ಕರು ಎತ್ತಿಕೊಂಡ. "ಪಾಪ, ಒಳ್ಳೆ ಜನ. ಆ ಮುಖಗೇಡಿಗಳ ದೆಸೆಯಿಂದ ಇಂಥವರಿಗೂ ಕಷ್ಟ."

ದನ ಹಾದವು. ಮಾಳಿ ನಾಗಿದೇವನ ಪಕ್ಕದಲ್ಲೇ ನಡೆದುಹೋದಳು. ಅವನ ಕಡೆ ತಿರುಗಿ ನೋಡಲಿಲ್ಲ.

ಸುದ್ದಿ ಹಬ್ಬಿತು. ಆಮೇಲೆ ಬಂದವರೆಲ್ಲ ಮೇಲಿನ ಸೀಮೆಯವರು ಅಂತ ಹೇಳಿಯೇ ಹಾದರು. ಎರಡು ಮನೆಯವರು ಮಾತ್ರ, "ಹೆತ್ತ ಊರಿನ ಹೆಸರು ಬಿಟ್ಟು ನಾವು ಬರೋದಿಲ್ಲ" ಅಂತ ದನ ತಿರುಗಿಸಿಕೊಂಡು ಹೋದರು. ಅವರ ಕೊಟ್ಟಿಗೆಯಲ್ಲಿ ಒಂದೂ ಉಳಿಯಲಿಲ್ಲ.

ಆಶ್ರಮದ ಅಂಗಳದಲ್ಲಿ ನಾಗಿದೇವ ತಲೆಯ ಮೇಲೆ ಕೈ ಹೊತ್ತು ಕೂತ.

"ಮತ್ತೆ ಸುಳ್ಳು ಹೇಳಿದೆ ಗುರುಗಳೇ."

"ಹೌದು. ದನ ಬದುಕಿದವು."

"ಒಳ್ಳೆಯದೇ ಆಯಿತು ಅಂತೀರಾ?"

"ಸುಳ್ಳೂ ಬದುಕಿತು" ಅಂದರು ಅಡವಯ್ಯ. ಕಂಬಳಿ ಎಳೆದುಕೊಂಡು ಮಲಗಿದರು.

ಇನ್ನು ಯಾರ್‍ಯಾರು ಏನಾದರು ಹೇಳಿಬಿಡುತ್ತೇನೆ.

ಅರಸ ಬಹಳ ಕಾಲ ಬಾಳಿದ. ಆಚೆಯವರ ಒಬ್ಬನನ್ನೂ ನೋಡದೆ ಸತ್ತ. ಅವನ ಮಗ ಸಭೆಯ ಗೋಡೆಗೆ ಸುಣ್ಣ ಹೊಡೆಸಿದ. ಮಳೆಗಾಲದಲ್ಲಿ ಗೋಡೆ ತೇವವಾದಾಗ ಆ ಬೆನ್ನುಗಳು ಮತ್ತೆ ಮೂಡುತ್ತಿದ್ದವಂತೆ.

ಭರಮ ಮಾಳಿಯ ತಮ್ಮನ ಮಗನಿಗೇ ತನ್ನ ಮಗಳನ್ನು ಕೊಟ್ಟ. ಬಂಗಾರದಂಥ ಅಳಿಯ ಅಂತ ಊರೆಲ್ಲ ಹೊಗಳಿದ. ಆಚೆಯವರ ಮಾತು ಬಂದರೆ ಮಾತ್ರ ನೆಲಕ್ಕೆ ಉಗುಳುತ್ತಿದ್ದ.

ಮಾಳಿ ಪ್ರತಿ ಬೇಸಿಗೆ ಬಂದಳು, ಮೇಲಿನ ಸೀಮೆಯವಳಾಗಿ. ಅವಳ ಕೊನೆಗಾಲದಲ್ಲಿ ಮೊಮ್ಮಕ್ಕಳು, "ಅವ್ವಾ, ನಮ್ಮೂರು ನಿಜವಾಗಿ ಯಾವುದು?" ಅಂತ ಕೇಳುವ ಹಾಗಾಯಿತು.

ನಾಗಿದೇವ ಶಾಲನ್ನು ಎಮ್ಮೆಗೆ ಹೊದಿಸಿದ. ವರ್ಷದಲ್ಲಿ ಆರು ತಿಂಗಳು ಆ ದಡದಲ್ಲಿ ಇರತೊಡಗಿದ. ಅವನಿಗೂ ಶಿಷ್ಯರಾದರು. ಕೂದಲು ನರೆಯಿತು. ಓಲೆ ಮಾತ್ರ ಮತ್ತೆ ಬರೆಯಲಿಲ್ಲ.

ಅಡವಯ್ಯ ಮಾತ್ರ, ದನ ಹಾದ ಆ ವರ್ಷವೇ, ಮಳೆ ಹಿಡಿಯುವ ಹೊತ್ತಿಗೆ ಹಾಸಿಗೆ ಹಿಡಿದರು. ನಾಗಿದೇವ ಅವರ ಕಾಲೊತ್ತುತ್ತ ಕೂತಿದ್ದ.

"ಗುರುಗಳೇ, ನಾಳೆ ನನಗೂ ಶಿಷ್ಯರಾಗಿ, ಅವರಿಗೆ ಯಾರಾದರೂ ಬರೆದು ಕೊಡಿ ಅಂದರೆ ಏನು ಹೇಳಲಿ?"

"ಯಾರ ಮೇಲೆ ಬರೆದರೋ ಮೊದಲು ಅವರ ಅಂಗಳದಲ್ಲೇ ಓದಲಿ."

"ಅವರು ಕೇಳಿ ನಕ್ಕರೆ?"

"ಹರಿದು ಹಾಕಲಿ."

"ನಗದೆ, ಸರಿಯಾಗಿದೆ ಅಂತ ತಲೆ ಆಡಿಸಿದರೆ?"

ಅಡವಯ್ಯ ಕಣ್ಣು ಮುಚ್ಚಿದರು. ಉಸಿರು ಎಳೆದುಕೊಳ್ಳಲು ಹೊತ್ತು ಹಿಡಿಯಿತು.

"ಬಂದವರ ಮನಸ್ಸು ನೋಯಬಾರದು ಅಂತ ಆಡಿಸಿರ್ತಾರೆ ತಮ್ಮಾ. ಇನ್ನೊಂದು ನಾಲ್ಕು ದಿನ ಅಲ್ಲೇ ಇರಲಿ."