ಕ್ಯಾಮೆರಾ ನೋಡಿದ ಮುದುಕಿ

"ಬುದ್ಧಿ, ನಾನು ಪೂಜೆಗೆ ಕೂತರೆ ಸಾಕು, ಯಾರಾದರೂ ಬಂದು ಮಾತಾಡಿಸುತ್ತಾರೆ. ಈ ಜನರ ಕಾಟ ತಪ್ಪುವುದು ಹೇಗೆ?" ಎಂದು ಮರುಳಯ್ಯ ತನ್ನ ಗುರುಗಳನ್ನು ಕೇಳಿದ. ಆ ವಾರದಲ್ಲಿ ಅವನು ಹೀಗೆ ಕೇಳಿದ್ದು ಮೂರನೆಯ ಸಲ. ಗುರುಗಳಿಗೂ ಸಾಕಾಗಿತ್ತು. ಕೂರು ಎಂದು ಹೇಳಿ ಕತೆ ಶುರುಮಾಡಿದರು.

ಲಾಟ್ವಿಯಾ ಎಂಬ ಚಳಿ ದೇಶದಲ್ಲಿ ಒಬ್ಬ ಸಿನಿಮಾ ಛಾಯಾಗ್ರಾಹಕನಿದ್ದ. ಸ್ಟುಡಿಯೋದಲ್ಲಿ ಪೆಟ್ಟಿಗೆ ಹೊರುವ ಕೆಲಸಕ್ಕೆ ಸೇರಿದವನು, ನಿರ್ದೇಶಕರೇ ಅವನಿಗಾಗಿ ಕಾಯುವಷ್ಟು ಮೇಲೆ ಬಂದ. ಅವನದು ಒಂದೇ ಹಟ. ಚಿತ್ರದಲ್ಲಿರುವವರು ಯಾರೂ ಕ್ಯಾಮೆರಾದತ್ತ ನೋಡಕೂಡದು. ನೋಡಿದರೋ, ಆ ತುಂಡನ್ನು ಕತ್ತರಿಸಿ ಬಿಸಾಡುತ್ತಿದ್ದ.

ಒಮ್ಮೆ ಕಡಲತೀರದ ಹಳ್ಳಿಯಲ್ಲಿ ಮೀನಿಗೆ ಹೊಗೆ ಕೊಟ್ಟು ಒಣಗಿಸುವ ಮುದುಕಿಯೊಬ್ಬಳ ಚಿತ್ರ ತೆಗೆಯಲು ಹೋದ. ಅವಳ ಗುಡಿಸಲೊಳಗೆ ಬಿಸಿಲು ಬೀಳುತ್ತಿದ್ದುದು ದಿನಕ್ಕೆ ಅರ್ಧ ಗಂಟೆ ಮಾತ್ರ. ಮೊದಲ ದಿನ ಮುದುಕಿ ಮೀನು ತೂಗುಹಾಕಿದವಳೇ ತಿರುಗಿ ಕ್ಯಾಮೆರಾ ನೋಡಿ ನಕ್ಕಳು. ನಾನು ಇಲ್ಲಿ ಇಲ್ಲವೇ ಇಲ್ಲ ಅಂದುಕೊಳ್ಳಮ್ಮ ಎಂದು ತಾಳ್ಮೆಯಿಂದ ಹೇಳಿದ. ಅವಳು ತಲೆಯಾಡಿಸಿದಳು. ಮರುದಿನವೂ ನೋಡಿದಳು. ಮೂರನೆಯ ದಿನ ಅವನು ಕೂಗಾಡಿದ. ನಾಲ್ಕನೆಯ ದಿನ ಬಿಸಿಲು ಹದವಾಗಿ ಬಿದ್ದಿದೆ, ಫಿಲ್ಮ್ ಇನ್ನೇನು ಮುಗಿಯಬೇಕು, ಮುದುಕಿ ಮತ್ತೆ ತಿರುಗಿದಳು. ಅವನು ಹಣೆ ಹಣೆ ಚಚ್ಚಿಕೊಂಡ.

"ಚಳಿಯಲ್ಲಿ ನಡುಗುತ್ತಾ ಬಾಗಿಲಲ್ಲಿ ನಿಂತಿದ್ದೀಯಲ್ಲಪ್ಪ," ಎಂದಳು ಮುದುಕಿ. "ಇದ್ದವನನ್ನು ಇಲ್ಲ ಅಂತ ಹೇಗೆ ಅಂದುಕೊಳ್ಳಲಿ?"

ಅವನು ಉಳಿದಿದ್ದ ಫಿಲ್ಮಿನಲ್ಲಿ ಅವಳ ಬೆನ್ನನ್ನಷ್ಟೇ ತೆಗೆದ. ಊರಿಗೆ ಮರಳಿದ ಮೇಲೆ ಆ ನಾಲ್ಕೂ ದಿನ ಅವಳು ತಿರುಗಿ ನೋಡಿದ ತುಂಡುಗಳನ್ನು ಕತ್ತರಿಸಿ ಎಸೆದ. ಚಿತ್ರಕ್ಕೆ ಬಹುಮಾನ ಬಂತು. ಆಮೇಲೆಯೂ ಬಹಳ ಬಂದವು.

ವಯಸ್ಸಾದಾಗ ಅವನಿಗೆ ಸನ್ಮಾನ ಮಾಡಿದರು. ಅವನ ಚಿತ್ರಗಳನ್ನು ಬೆಳಗಿನಿಂದ ಸಂಜೆಯವರೆಗೆ ತೋರಿಸಿದರು. ಮುಂದಿನ ಸಾಲಿನಲ್ಲಿ ಕೂತು ನೋಡಿದ. ಸಾವಿರಾರು ಮುಖಗಳು ಬಂದು ಹೋದವು, ಒಂದೂ ಅವನತ್ತ ನೋಡಲಿಲ್ಲ. ಇಷ್ಟು ವರ್ಷ ತಾನು ಎಲ್ಲೂ ಇರಲೇ ಇಲ್ಲವೇನೋ ಎಂದು ಅವನಿಗೆ ದಿಗಿಲಾಯಿತು. ಕೊಟ್ಟ ಹೂಗುಚ್ಛ ಹಿಡಿದೇ ಸ್ಟುಡಿಯೋಗೆ ಹೋಗಿ, ಮುದುಕಿ ನಕ್ಕ ತುಂಡು ಎಲ್ಲಾದರೂ ಉಳಿದಿದೆಯೇ ಎಂದು ಕೇಳಿದ. ನೀವೇ ಎಸೆದ ಕಸವನ್ನು ನಾವು ಯಾಕೆ ಇಟ್ಟುಕೊಳ್ಳೋಣ ಎಂದು ಉಗ್ರಾಣದವನು ಸಿಡುಕಿದ.

ಗುರುಗಳು ಅಲ್ಲಿಗೆ ನಿಲ್ಲಿಸಿದರು. ಹಾಗಾದರೆ ಪೂಜೆಯನ್ನೇ ಬಿಟ್ಟುಬಿಡಲೇ ಎಂದು ಮರುಳಯ್ಯ ಕೇಳಿದ. ಅವನಿಗೆ ಏನೂ ಅರ್ಥವಾಗಿರಲಿಲ್ಲ.

"ನೀನು ಪೂಜಿಸುವ ದೇವರೇ ಒಂದು ದಿನ ತಿರುಗಿ ನಿನ್ನನ್ನು ನೋಡಿದರೆ, ಪೂಜೆಗೆ ಅಡ್ಡಿಯಾಯಿತು ಅಂತ ಅವನನ್ನೂ ಬಯ್ದು ಕಳಿಸುತ್ತೀಯ," ಎಂದರು ಗುರುಗಳು.