ಎರಡು ಕಹಳೆಯ ಊರು

“ಅಜ್ಜಾರ, ಒಂದ ಕುರ್ಚಿ ಮ್ಯಾಲ ಇಬ್ಬರು ಕುಂತಾರ್ರೀ. ಇಬ್ಬರೂ ನನ್ನ ಕರದಾರ. ನಾ ಯಾರ ಕಡೆ ಹೋಗ್ಲಿ?”

ಹೀಗೆ ಕೇಳಿದವನು ಮೋಗಾ. ಆಫ್ರಿಕಾದ ಒಂದು ದೇಶದಿಂದ ಕೃಷಿ ಓದಲೆಂದು ಧಾರವಾಡಕ್ಕೆ ಬಂದು ಆರು ವರ್ಷವಾಗಿತ್ತು. ಅವನ ನಾಡಿನಲ್ಲೂ ಜೋಳವೇ ಊಟ. ಮೊದಲು ರೊಟ್ಟಿಯ ಆಸೆಗೆ ನಮ್ಮ ಮಠದ ಪಂಕ್ತಿಗೆ ಬಂದು ಕುಳಿತ, ಆಮೇಲೆ ಗುರುಗಳ ಮಾತಿನ ಆಸೆಗೆ ಉಳಿದ. ಕನ್ನಡವನ್ನು ನಮ್ಮ ಅಡಿಗೆಮನೆಯಲ್ಲೇ ಕಲಿತ. ಮಠದ ಹಿರಿಯ ಸ್ವಾಮಿಗಳನ್ನು ನಾವೆಲ್ಲ ಅಜ್ಜಾರು ಎನ್ನುತ್ತಿದ್ದೆವು. ಅವನೂ ಹಾಗೇ ಕರೆಯುತ್ತಿದ್ದ.

ಅವನ ಕೈಯಲ್ಲಿ ಎರಡು ಪತ್ರಗಳಿದ್ದವು. ಅವನ ದೇಶದಲ್ಲಿ ಇಬ್ಬರು ನಾಯಕರು ವರ್ಷಗಟ್ಟಲೆ ಕಾದಾಡಿದ್ದರು. ಕೊನೆಗೆ ನೆರೆಯ ದೇಶದವರು ಇಬ್ಬರನ್ನೂ ಕೂರಿಸಿ ರಾಜಿ ಮಾಡಿಸಿದರು. ಒಬ್ಬ ಅಧ್ಯಕ್ಷನಾದ, ಇನ್ನೊಬ್ಬ ಉಪಾಧ್ಯಕ್ಷನಾದ. ಒಂದು ಖಾತೆಗೆ ಇವನ ಕಡೆಯವನು ಮಂತ್ರಿಯಾದರೆ ಅವನ ಕಡೆಯವನು ಉಪಮಂತ್ರಿ. ಮೂರು ವರ್ಷ ಹೀಗೆ ಸಾಗಿಸಿ ಚುನಾವಣೆ ಮಾಡುವುದೆಂದು ಒಪ್ಪಂದ. ಮೂರು ಐದಾಯಿತು, ಐದು ಏಳಾಯಿತು. ಒಂದಾಗಬೇಕಿದ್ದ ಸೈನ್ಯಗಳು ಇನ್ನೂ ಎರಡಾಗಿಯೇ ಇದ್ದವು.

ಈಗ ಮೋಗಾನ ಜಿಲ್ಲೆಗೆ ಒಬ್ಬ ಬೀಜದ ಅಧಿಕಾರಿ ಬೇಕಾಗಿದ್ದ. ನನ್ನ ಮನುಷ್ಯನಾಗಿ ಬಾ ಎಂದು ಮಂತ್ರಿ ಬರೆದಿದ್ದ. ಅದೇ ಹುದ್ದೆಗೆ, ನನ್ನ ಮನುಷ್ಯನಾಗಿ ಬಾ ಎಂದು ಉಪಮಂತ್ರಿಯೂ ಬರೆದಿದ್ದ. ಒಬ್ಬನಿಗೆ ಒಪ್ಪಿಗೆ ಕೊಟ್ಟರೆ ಇನ್ನೊಬ್ಬನಿಗೆ ಹಗೆಯಾಗಬೇಕು. ಹೀಗೆಯೇ ಒಂದು ಕಡೆ ಒಪ್ಪಿಕೊಂಡು ಹೋದ ಅವನ ಗೆಳೆಯನೊಬ್ಬ ವಿಮಾನ ಇಳಿದವನು ಮನೆ ಮುಟ್ಟಿರಲಿಲ್ಲ. ಸುಮ್ಮನಿದ್ದರೆ ಹುದ್ದೆ ಖಾಲಿ ಉಳಿಯುತ್ತದೆ, ಈ ವರ್ಷವೂ ಆ ಜಿಲ್ಲೆಗೆ ಬೀಜ ಬರುವುದಿಲ್ಲ. ಸೋಮವಾರದೊಳಗೆ ಉತ್ತರ ಹೋಗಬೇಕಿತ್ತು. ಮೂರು ದಿನದಿಂದ ಅವನು ರೊಟ್ಟಿ ಮುರಿದು, ತಿನ್ನದೆ ಎದ್ದು ಹೋಗುತ್ತಿದ್ದ.

“ಯುದ್ಧ ಮುಗದೈತೋ ಇಲ್ಲೋ, ಅದೂ ತಿಳಿವಲ್ದು,” ಎಂದ.

ಅಜ್ಜಾರು ಪತ್ರಗಳನ್ನು ಕೈಗೆ ತೆಗೆದುಕೊಳ್ಳಲಿಲ್ಲ. “ಕೂಡು,” ಎಂದರು. ಮಾತಿಗೆ ಅವರು ನಮ್ಮಂತೆಯೇ. ಕತೆ ಹೇಳುವಾಗ ಮಾತ್ರ ಪುಸ್ತಕದ ಕನ್ನಡಕ್ಕೆ ಹೊರಳುತ್ತಿದ್ದರು. ಅಂದು ಅವರು ಹೇಳಿದ್ದು ಹೀಗೆ.

ಒಂದು ದನಗಾಹಿಗಳ ಊರಿತ್ತು. ಊರ ಸುತ್ತ ಮುಳ್ಳುಬೇಲಿ, ಬೇಲಿಗೆ ಒಂದೇ ಬಾಗಿಲು. ಬೆಳಿಗ್ಗೆ ದನಗಳು ಬಯಲಿಗೆ ಹೋಗುತ್ತಿದ್ದವು, ಕರುಗಳನ್ನು ಊರೊಳಗೇ ಕಟ್ಟುತ್ತಿದ್ದರು. ಸಂಜೆ ಯಜಮಾನ ಬಾಗಿಲಲ್ಲಿ ನಿಂತು ಕಹಳೆ ಊದುತ್ತಿದ್ದ. ಅದನ್ನು ಕೇಳಿದ ದನಗಳು ತಾವಾಗಿ ಮನೆಗೆ ಬರುತ್ತಿದ್ದವು. ಬೇಲಿಯಾಚೆ ಕತ್ತೆಕಿರುಬಗಳ ಕಾಟವಿತ್ತು. ಆದ್ದರಿಂದ ಕಹಳೆ ಯಾರ ಕೈಯಲ್ಲಿದೆಯೋ ಅವನೇ ಆ ಊರಿಗೆ ದೊಡ್ಡವನು.

ಹಳೆಯ ಯಜಮಾನ ಸತ್ತ. ತಾನೇ ಯಜಮಾನನೆಂದು ಇಬ್ಬರು ಎದ್ದರು. ಊರು ಎರಡಾಯಿತು, ಬೇಲಿ ಎರಡಾಯಿತು. ಒಬ್ಬನ ಕೈಗೆ ಹಳೆಯ ಕಹಳೆ ಸಿಕ್ಕಿತ್ತು, ಇನ್ನೊಬ್ಬ ಹೊಸದು ಮಾಡಿಸಿಕೊಂಡ. ಹಳೆಯದರ ದನಿ ಗಡಸು, ಹೊಸದರದು ಕೀರಲು. ಇವರು ಅವರ ದನ ಹೊಡೆದುಕೊಂಡು ಬಂದರು, ಅವರು ಇವರ ದನ ಹೊಡೆದುಕೊಂಡು ಹೋದರು. ನಡುವೆ ಜನ ಸತ್ತರು. ಆ ವರ್ಷಗಳಲ್ಲಿ ದನಗಳು ಒಂದು ಪಾಠವನ್ನು ಚೆನ್ನಾಗಿ ಕಲಿತವು. ನಮ್ಮ ಕಹಳೆ ಕೇಳಿದರೆ ಮನೆಗೆ ಬರಬೇಕು, ಆ ಇನ್ನೊಂದು ಕೇಳಿದರೆ ಬಾಲ ಎತ್ತಿ ಓಡಬೇಕು. ದನ ನಮ್ಮ ನಿಮ್ಮಂತಲ್ಲ, ಕಲಿತದ್ದನ್ನು ಸಭೆಯಲ್ಲಿ ಕೂತು ಮರೆಯಲು ಅದಕ್ಕೆ ಬರುವುದಿಲ್ಲ. ಅದಕ್ಕೆ ಆ ಪಾಠ ಹಾಗೇ ಉಳಿಯಿತು.

ಕೊನೆಗೆ ಎರಡೂ ಕಡೆಯವರಿಗೆ ಸಾಕಾಯಿತು. ಸುತ್ತಿನ ಮೂರು ಊರುಗಳ ಹಿರಿಯರು ಬಂದು ಮರದ ಕೆಳಗೆ ಕೂತರು. ನಲವತ್ತು ದಿನ ಕೂತರು. ಊರಿನ ಒಳ್ಳೊಳ್ಳೆಯ ಹೋರಿಗಳೆಲ್ಲ ಅವರ ಊಟಕ್ಕೇ ಮುಗಿದವು. ಅಂತೂ ರಾಜಿಯಾಯಿತು. ಬೇಲಿ ಒಂದು, ಬಾಗಿಲು ಒಂದು, ಯಜಮಾನರು ಮಾತ್ರ ಇಬ್ಬರು. ಮುಂದಿನ ಮಳೆಗಾಲದವರೆಗೆ ಹೀಗಿರಲಿ, ಆಮೇಲೆ ಊರವರು ಒಬ್ಬನನ್ನು ಆರಿಸಿಕೊಳ್ಳಲಿ ಎಂದರು. ಅಲ್ಲಿಯವರೆಗೆ ಯಾರ ಮಾನಕ್ಕೂ ಕುಂದು ಬರಬಾರದಲ್ಲ, ಅದಕ್ಕಾಗಿ ಸಂಜೆ ಎರಡು ಕಹಳೆಯನ್ನೂ ಒಟ್ಟಿಗೆ ಊದಬೇಕೆಂದು ಗೊತ್ತುಮಾಡಿದರು. ಆ ಮರದ ಕೆಳಗೆ ಎಲ್ಲರನ್ನೂ ಕೇಳಿದರು, ದನಗಳ ವಿಷಯ ಯಾರೂ ಎತ್ತಲಿಲ್ಲ. ಹಿರಿಯರು ಕೈ ತೊಳೆದುಕೊಂಡು ತಮ್ಮ ತಮ್ಮ ಊರಿಗೆ ಹೋದರು.

ಮೊದಲ ಸಂಜೆ ಬಾಗಿಲ ಈ ಬದಿಗೆ ಒಬ್ಬ, ಆ ಬದಿಗೆ ಒಬ್ಬ ನಿಂತು ಊದಿದರು. ಬಯಲಿನಲ್ಲಿ ದನಗಳು ತಲೆ ಎತ್ತಿದವು. ಒಂದು ಕಿವಿಗೆ ಬಾ ಎಂದು ಕೇಳಿಸಿತು, ಇನ್ನೊಂದು ಕಿವಿಗೆ ಓಡು ಎಂದು ಕೇಳಿಸಿತು. ನಾಲ್ಕು ಹೆಜ್ಜೆ ಮುಂದೆ ಬಂದವು, ನಾಲ್ಕು ಹೆಜ್ಜೆ ಹಿಂದೆ ಹೋದವು, ಆಮೇಲೆ ನಿಂತೇಬಿಟ್ಟವು. ಜನ ಕೋಲು ಹಿಡಿದು ಹೊಡೆದುಕೊಂಡು ಬರಲು ಹೋದರು. ಕೋಲು ಹಿಡಿದು ಬರುವವರು ಯಾರೆಂದು ದನಗಳಿಗೆ ಹಳೆಯ ಅನುಭವವಿತ್ತಲ್ಲ, ಬೆದರಿ ಚೆಲ್ಲಾಪಿಲ್ಲಿಯಾದವು. ಬೆಳಗಾದಾಗ ಎರಡು ಹಸು ಕಡಿಮೆಯಿದ್ದವು.

ಇಲ್ಲಿಗೆ ಮೋಗಾ ಬಾಯಿ ಹಾಕಿದ. “ಒಂದಿನ ಒಂದು, ಮರುದಿನ ಇನ್ನೊಂದು ಊದಬಾರದಿತ್ತೇನ್ರೀ?”

ಅದನ್ನೂ ಮಾಡಿ ನೋಡಿದರು, ಎಂದರು ಅಜ್ಜಾರು. ಹಳೆಯ ಕಹಳೆಯ ದಿನ ಅರ್ಧ ದನ ಬಂದವು, ಅರ್ಧ ಓಡಿಹೋದವು. ಹೊಸ ಕಹಳೆಯ ದಿನ ಬಂದಿದ್ದವು ಓಡಿದವು, ಓಡಿದ್ದವು ಬಂದವು. ಹುಣ್ಣಿಮೆಯ ದಿನ ಯಾರ ಪಾಳಿ ಎಂಬುದಕ್ಕೆ ಎರಡು ತಲೆ ಒಡೆದವು. ಮತ್ತೆ ಎರಡನ್ನೂ ಒಟ್ಟಿಗೆ ಊದತೊಡಗಿದರು.

ಹಸುಗಳು ಹೋದದ್ದು ಅವನ ಕಹಳೆಯಿಂದ ಎಂದು ಇವನು ಹೇಳಿದ, ಇವನ ಕಹಳೆಯಿಂದ ಎಂದು ಅವನು ಹೇಳಿದ. ವಿಚಾರಣೆಗೆ ಒಂದು ಸಮಿತಿ ಬಂತು. ಎರಡೂ ಕಡೆಯಿಂದ ಐದೈದು ಜನ. ಕತ್ತೆಕಿರುಬ ಎಡಗಡೆಯಿಂದ ಬಂತೋ ಬಲಗಡೆಯಿಂದ ಬಂತೋ ಎಂಬುದರಲ್ಲೇ ಅವರ ಬೇಸಿಗೆ ಕಳೆಯಿತು. ಬಾಗಿಲಿಗೆ ಒಬ್ಬ ಒಡೆಯನನ್ನು ಇಟ್ಟರು. ಅವನು ಒಂದು ಕಡೆಯವನಾದದ್ದರಿಂದ ಇನ್ನೊಂದು ಕಡೆಯಿಂದ ಒಬ್ಬ ಉಪ ಒಡೆಯನನ್ನು ಇಟ್ಟರು. ನೀರಿನ ಗುಂಡಿಗೂ ಹಾಗೇ, ದನ ನೆಕ್ಕುವ ಉಪ್ಪಿನ ಕಲ್ಲಿಗೂ ಹಾಗೇ. ಊರಿನ ಅರ್ಧ ಗಂಡಸರು ಒಡೆಯರಾಗಿ ಕೂತ ಮೇಲೆ ದನ ಕಾಯಲು ಆಳು ಸಾಲದಾಯಿತು. ಮಳೆಗಾಲ ಬಂತು. ತಲೆಯೆಣಿಕೆ ಮುಗಿದಿಲ್ಲವೆಂದು ಆಯ್ಕೆಯನ್ನು ಮುಂದೆ ಹಾಕಿದರು. ಇನ್ನೊಂದು ಮಳೆಗಾಲ ಬಂತು, ಈಗ ಬಹಳ ಕೆಸರು ಎಂದರು.

ನಗಬೇಡ, ಮೋಗಾ. ಆ ರಾಜಿಯನ್ನು ನಾನು ಹಗುರವಾಗಿ ನೋಡುವವನಲ್ಲ. ಅದು ಆದ ಮೇಲೆ ಆ ಊರಿನ ಮಕ್ಕಳು ಕಣ್ತುಂಬ ನಿದ್ದೆ ಮಾಡಿದರು. ದಿನಾ ಸತ್ತವರಿಗೆ ಗುಂಡಿ ತೋಡುವ ಕೆಲಸ ನಿಂತಿತು. ಎರಡು ಕಹಳೆ ಕೂಡಿ ಕಿರುಚುವುದನ್ನು ಕೇಳಿದರೆ ತಲೆ ಸಿಡಿಯುತ್ತದೆ, ನಿಜ. ಆದರೂ ಹೆಣದ ಮುಂದಿನ ಅಳುವಿಗಿಂತ ಅದೇ ಮೇಲೆಂದು ಒಂದು ದಿನ ಅನ್ನಿಸುತ್ತದೆ. ಮರುದಿನ ಹಾಗೆ ಅನ್ನಿಸುವುದಿಲ್ಲ. ಕತೆಯ ಈ ಜಾಗಕ್ಕೆ ಬಂದಾಗಲೆಲ್ಲ ನನಗೂ ದಿಕ್ಕು ತಪ್ಪುತ್ತದೆ, ಮುಚ್ಚಿಡುವುದೇಕೆ.

ಆ ಊರಿನಲ್ಲಿ ಒಬ್ಬ ಹೆಂಗಸಿದ್ದಳು. ಅವಳ ಗಂಡನನ್ನು ಒಂದು ಕಡೆಯವರು ಕೊಂದಿದ್ದರು, ಅಣ್ಣನನ್ನು ಇನ್ನೊಂದು ಕಡೆಯವರು ಕೊಂದಿದ್ದರು. ಅವಳು ಯಾವ ಕಡೆಗೂ ಸೇರಿರಲಿಲ್ಲ. ಉಳಿದದ್ದು ಒಬ್ಬಳು ಮಗಳು, ಒಂದು ಹಸು, ಹದಿನೈದು ದಿನದ ಒಂದು ಕರು. ಮಗಳು ದೊಡ್ಡ ಜ್ವರದಿಂದ ಎದ್ದು ಕೂತಿದ್ದಳು. ಹಾಲೊಂದು ಬಿಟ್ಟು ಬೇರೇನೂ ಅವಳ ಗಂಟಲಿನಲ್ಲಿ ಇಳಿಯುತ್ತಿರಲಿಲ್ಲ. ಒಂದು ಸಂಜೆ ಆ ಹಸು ಬಯಲಿನ ತುದಿಯಲ್ಲಿ ನಿಂತದ್ದು ಬರಲೇ ಇಲ್ಲ. ಹೆಂಗಸು ಬಾಗಿಲಿಗೆ ಓಡಿಬಂದಳು.

“ಎರಡರಲ್ಲಿ ಒಂದೇ ಊದಿರಪ್ಪ. ಯಾವುದಾದರೂ ಸರಿ,” ಎಂದಳು.

“ಆಗಲಿ ತಾಯಿ, ಅವನು ನಿಲ್ಲಿಸಲಿ,” ಎಂದ ಒಬ್ಬ ಯಜಮಾನ.

“ನಾನೂ ಅದನ್ನೇ ಹೇಳುತ್ತೇನೆ. ಅವನು ನಿಲ್ಲಿಸಲಿ,” ಎಂದ ಇನ್ನೊಬ್ಬ.

ಇಬ್ಬರ ಹಿಂದೆಯೂ ನಿಂತಿದ್ದವರ ಕೈ ಭರ್ಜಿಗೆ ಹೋಯಿತು. “ಬೇಡ, ಎರಡೂ ಊದಿರಿ,” ಎಂದು ಹೇಳಿ ಹೆಂಗಸು ತಿರುಗಿ ನಡೆದಳು.

ಗುಡಿಸಲಿನಲ್ಲಿ ಮಗಳು ತಾಯಿಯ ಕೈ ಬರಿದಾಗಿರುವುದನ್ನು ನೋಡಿ ಗೋಡೆಯ ಕಡೆ ತಿರುಗಿ ಮಲಗಿದಳು. ಹೆಂಗಸು ಹೋಗಿ ಕರುವಿನ ಹಗ್ಗ ಬಿಚ್ಚಿದಳು.

ಆ ಊರಿನಲ್ಲಿ ಸಂಜೆ ಹೊತ್ತು ಯಾರೂ ಕರುವನ್ನು ಬೇಲಿಯಾಚೆ ಒಯ್ಯುವುದಿಲ್ಲ. ಕರುವಿನ ದನಿ ಕೇಳಿದರೆ ಕತ್ತೆಕಿರುಬ ತಡಮಾಡುವುದಿಲ್ಲ. ಕರು ಹೋದರೆ ಹಸು ಹಾಲು ಬಿಡುವುದಿಲ್ಲ. ಹಾಲಿಲ್ಲದಿದ್ದರೆ ಮಗಳಿಲ್ಲ. ಇದೆಲ್ಲ ಅವಳಿಗೆ ಗೊತ್ತಿತ್ತು. ಮಾಡುತ್ತಿರುವುದು ಸರಿಯೋ ತಪ್ಪೋ ಎಂಬುದು ಮಾತ್ರ ಗೊತ್ತಿರಲಿಲ್ಲ.

ಬಾಗಿಲಲ್ಲಿ ಒಡೆಯನೂ ಉಪ ಒಡೆಯನೂ ಇದ್ದರು. ಅವಳನ್ನು ತಡೆಯುವುದು ತನ್ನ ಕೆಲಸವೋ ಅವನ ಕೆಲಸವೋ ಎಂದು ಒಬ್ಬರ ಮುಖ ಒಬ್ಬರು ನೋಡಿದರು. ಅಷ್ಟರಲ್ಲಿ ಅವಳು ದಾಟಿ ಹೋಗಿದ್ದಳು.

ಬೆಳಗಿನಿಂದ ಹಸಿದಿದ್ದ ಕರು ಬಯಲಿನಲ್ಲಿ ನಿಂತು ಕೂಗಿತು. ಸಣ್ಣ ದನಿ. ಹಿಂದಿನಿಂದ ಎರಡು ಕಹಳೆಗಳೂ ಒಂದೇ ಸಮನೆ ಅಬ್ಬರಿಸುತ್ತಿದ್ದವು. ಪಕ್ಕದಲ್ಲಿದ್ದ ಹೆಂಗಸಿಗೇ ಕರುವಿನ ಕೂಗು ಸರಿಯಾಗಿ ಕೇಳಲಿಲ್ಲ. ಹಸುವಿಗೆ ಕೇಳಿತು. ಅದು ಬಾಗಿಲ ಈ ಬದಿಗೂ ನೋಡಲಿಲ್ಲ, ಆ ಬದಿಗೂ ನೋಡಲಿಲ್ಲ. ಅಂಬಾ ಎಂದು ನೆಟ್ಟಗೆ ಕರುವಿನ ಹತ್ತಿರ ಬಂತು. ಕತ್ತೆಕಿರುಬ ಬರಲಿಲ್ಲ. ಏಕೆ ಬರಲಿಲ್ಲವೋ ನನಗೆ ತಿಳಿಯದು, ಬರಬಹುದಾಗಿತ್ತು.

ಬೇಲಿಯ ಸಂದಿನಿಂದ ನೋಡುತ್ತಿದ್ದ ಹೆಂಗಸರು ಒಬ್ಬೊಬ್ಬರಾಗಿ ತಮ್ಮ ಕರುಗಳನ್ನು ಬಿಚ್ಚಿಕೊಂಡು ಬಂದರು. ಕರುವಿದ್ದ ಹಸುಗಳೆಲ್ಲ ಮನೆ ಸೇರಿದವು. ಅಂದು ಆ ಹುಡುಗಿ ಎರಡು ಬಟ್ಟಲು ಹಾಲು ಕುಡಿದು ಮಲಗಿದಳು.

ದನಗಳು ಬಂದದ್ದು ತನ್ನ ಕಹಳೆಗೆ ಎಂದು ಮರುದಿನ ಒಬ್ಬ ಯಜಮಾನ ಹೇಳಿಕೊಂಡ. ತನ್ನ ಕಹಳೆಗೆ ಎಂದು ಇನ್ನೊಬ್ಬ ಹೇಳಿಕೊಂಡ. ಸಮಿತಿಯವರು ಎರಡೂ ನಿಜವೆಂದು ಒಪ್ಪಿದರು. ಹೆಂಗಸರು ಯಾರ ಮಾತಿಗೂ ಎದುರಾಡಲಿಲ್ಲ, ಅವರಿಗೆ ಹಾಲು ಕರೆಯುವ ಕೆಲಸವಿತ್ತು.

ಕತೆ ಇಷ್ಟೇ ಎಂದು ಅಜ್ಜಾರು ಗೋಡೆಗೆ ಒರಗಿದರು.

ಮೋಗಾ ಪತ್ರಗಳನ್ನು ಮೊಣಕಾಲಿನ ಮೇಲಿಟ್ಟುಕೊಂಡು ಕೂತೇ ಇದ್ದ. ಅವನ ಮುಖ ನೋಡಿದರೆ ಗೊಂದಲ ಕಳೆದಂತೆ ಕಾಣಲಿಲ್ಲ, ಇನ್ನಷ್ಟು ಹೆಚ್ಚಿದಂತೆಯೇ ಇತ್ತು. ದನಗಳ ನಾಡಿನಲ್ಲಿ ಹುಟ್ಟಿದವನು, ಅವನಿಗೆ ಲೆಕ್ಕ ಹೊಂದಲಿಲ್ಲ. ತಲೆಯೆತ್ತಿ ಕೇಳಿದ.

“ಕರು ಇಲ್ಲದ ದನ ಇರ್ತಾವಲ್ರೀ ಅಜ್ಜಾರ. ಹೋರಿ, ಗೊಡ್ಡು ಆಕಳ. ಅವು ಏನಾದ್ವು?”

“ಅವಕ್ಕ ಎರಡು ಕಹಳಿ ಬಿಟ್ಟು ಮತ್ತೇನೂ ಕೇಳಲಿಲ್ಲ ತಮ್ಮಾ, ಇನ್ನೂ ಅಲ್ಲೇ ನಿಂತಾವ, ನಿನ್ನಂಗ.”